ಕಿವಿಗೆ ನೂಡಲ್ಸ್ ಹಾಕಿಕೊಂಡವರೂ, ಇತಿಹಾಸ ಪಾಠ ಮಾಡಿದವರೂ

ನಮಸ್ಕಾರ. ಇವತ್ತು ನೂಡಲ್ಸ್‌ನಿಂದ ಶುರು ಮಾಡೋಣ.

2023ರ ಫೆಬ್ರವರಿ. ಪುಟಿನ್ ಸಂಸತ್ತಿನ ಮುಂದೆ ಭಾಷಣ ಮಾಡುತ್ತಿದ್ದಾರೆ. ವೋಲ್ಗಾ ನದಿ ದಡದ ಸಮಾರಾ ಪ್ರಾಂತ್ಯದಲ್ಲಿ ಮಿಖಾಯಿಲ್ ಅಬ್ದಾಲ್ಕಿನ್ ಅಂತ ಒಬ್ಬ ಕಮ್ಯುನಿಸ್ಟ್ ಶಾಸಕರು ಆ ಭಾಷಣ ಕೇಳುತ್ತಾ ಕೂತಿದ್ದಾರೆ. ಮುಖ ಗಂಭೀರ. ನಗುವಿಲ್ಲ. ಎರಡೂ ಕಿವಿಯಿಂದ ಬೇಯಿಸಿದ ನೂಡಲ್ಸ್ ಜೋತಾಡುತ್ತಿದೆ. ಇದನ್ನು ವಿಡಿಯೋ ಮಾಡಿ ಅವರೇ ಹಾಕಿಕೊಂಡರು.

ರಷ್ಯನ್ನರಲ್ಲಿ ಒಂದು ಮಾತಿದೆ. ಯಾರಾದರೂ ಸುಳ್ಳು ಹೇಳಿ ನಂಬಿಸಿದರೆ 'ಕಿವಿಗೆ ನೂಡಲ್ಸ್ ನೇತುಹಾಕಿದ' ಅನ್ನುತ್ತಾರೆ. ನಾವು ಕಿವಿ ಮೇಲೆ ಹೂ ಇಡುತ್ತೇವೆ, ಅವರು ನೂಡಲ್ಸ್ ಹಾಕುತ್ತಾರೆ. ಹೂವೇ ವಾಸಿ, ಅಂಟುವುದಿಲ್ಲ.

ಮುಂದಿನ ತಿಂಗಳು ಕೋರ್ಟು ಅವರಿಗೆ 1,50,000 ರೂಬಲ್ ದಂಡ ಹಾಕಿತು. ಸೇನೆಯ ಹೆಸರು ಕೆಡಿಸಿದರು ಅನ್ನುವುದು ಆರೋಪ. ನೂಡಲ್ಸ್‌ನಿಂದ ಸೇನೆಯ ಹೆಸರು ಹೇಗೆ ಕೆಡುತ್ತದೆ ಅಂತ ನನ್ನನ್ನು ಕೇಳಬೇಡಿ.

ಆದರೆ ನಾನು ಹೇಳಬೇಕೆಂದಿರುವುದು ಇವರ ಬಗ್ಗೆ ಅಲ್ಲ. ಅದೇ ಸಮಾರಾ, ಅದೇ ಪಕ್ಷ, ಇನ್ನೊಬ್ಬ ಮಿಖಾಯಿಲ್. ಮಿಖಾಯಿಲ್ ಮತ್ವೆಯೆವ್. ಮೂಲದಲ್ಲಿ ಇತಿಹಾಸದ ಮೇಷ್ಟ್ರು. ಸಮಾರಾ ವಿಶ್ವವಿದ್ಯಾಲಯದಲ್ಲಿ ಪಾಠ ಮಾಡಿದವರು, ಇತಿಹಾಸದಲ್ಲೇ ಡಾಕ್ಟರೇಟ್ ಇರುವವರು. ಊರಿನ ರಾಜಕೀಯಕ್ಕೆ ಇಳಿದು, ವರ್ಷಗಟ್ಟಲೆ ಪ್ರಾಂತ್ಯದ ಶಾಸನಸಭೆಯಲ್ಲಿ ಕೂತು, ಕಡೆಗೆ 2021ರಲ್ಲಿ ಮಾಸ್ಕೋದ ಡೂಮಾಕ್ಕೆ ಹೋದರು. ಡೂಮಾ ಅಂದರೆ ಅಲ್ಲಿನ ಲೋಕಸಭೆ ಅಂದುಕೊಳ್ಳಿ.

ಆ ಗೆಲುವು ಸುಮ್ನೆ ಬಂದದ್ದಲ್ಲ. ಡೂಮಾದ 450 ಸೀಟಿನಲ್ಲಿ ಅರ್ಧ ಪಕ್ಷದ ಪಟ್ಟಿಯಿಂದ, ಇನ್ನರ್ಧ ನೇರ ಕ್ಷೇತ್ರಗಳಿಂದ. ಆ 225 ಕ್ಷೇತ್ರಗಳಲ್ಲಿ ಪುಟಿನ್ ಪರ ಪಕ್ಷ ಗೆದ್ದದ್ದು 198. ಕಮ್ಯುನಿಸ್ಟರು ಗೆದ್ದದ್ದು 9. ಆ ಒಂಬತ್ತರಲ್ಲಿ ನಮ್ಮ ಮೇಷ್ಟ್ರದ್ದೂ ಒಂದು. ಅದೇ ಚುನಾವಣೆಯಲ್ಲಿ ಮಾಸ್ಕೋದ ಹಲವು ಕಡೆ ರಾತ್ರಿ ಮುಂದಿದ್ದ ಕಮ್ಯುನಿಸ್ಟ್ ಅಭ್ಯರ್ಥಿಗಳು ಆನ್‌ಲೈನ್ ಮತಗಳ ಲೆಕ್ಕ ಸೇರಿದ ಮೇಲೆ ಸೋತುಹೋದರು. ಹಾಗಿರುವಾಗ ಒಂದು ಕ್ಷೇತ್ರ ಗೆಲ್ಲುವುದು ಅಂದರೆ ತಮಾಷೆಯಲ್ಲ.

ಇಲ್ಲಿ ಒಂದು ವಿಷಯ ಹೇಳಿಬಿಡುತ್ತೇನೆ. ರಷ್ಯಾದ ಕಮ್ಯುನಿಸ್ಟ್ ಪಕ್ಷ ನಿಜವಾದ ವಿರೋಧ ಪಕ್ಷವಾ? ನನ್ನ ಪ್ರಕಾರ ಅದು ಗೂಟಕ್ಕೆ ಕಟ್ಟಿದ ಹಸು. ಹಗ್ಗ ಎಲ್ಲಿಯವರೆಗೆ ಬರುತ್ತದೋ ಅಲ್ಲಿಯವರೆಗೆ ಮೇಯಬಹುದು. ಪಿಂಚಣಿ ವಯಸ್ಸು ಜಾಸ್ತಿ ಮಾಡಬೇಡಿ ಅನ್ನಬಹುದು, ಬೆಲೆ ಏರಿಕೆ ಬಗ್ಗೆ ಕೂಗಬಹುದು. ಪುಟಿನ್, ಸೈನ್ಯ, ಯುದ್ಧ ಇವೆಲ್ಲ ಬೇಲಿಯ ಆಚೆ. 1993ರಿಂದ ಪಕ್ಷದ ಚುಕ್ಕಾಣಿ ಹಿಡಿದಿರುವ ಜ್ಯುಗಾನೋವ್ 1996ರ ಚುನಾವಣೆಯಲ್ಲಿ ಆಗಿನ ಅಧ್ಯಕ್ಷ ಯೆಲ್ಟ್ಸಿನ್‌ಗೆ ಬೆವರಿಳಿಸಿದ್ದರು, ಎರಡನೇ ಸುತ್ತಿನಲ್ಲಿ 40 ಪರ್ಸೆಂಟ್ ಮತ ತೆಗೆದುಕೊಂಡಿದ್ದರು. 2024ರ ಅಧ್ಯಕ್ಷ ಚುನಾವಣೆಯಲ್ಲಿ ಅದೇ ಪಕ್ಷದ ಅಭ್ಯರ್ಥಿಗೆ ಬಂದದ್ದು 4 ಚಿಲ್ಲರೆ ಪರ್ಸೆಂಟ್. ವಿಚಿತ್ರ ಏನೆಂದರೆ, ಅಷ್ಟಕ್ಕೇ ಎರಡನೇ ಸ್ಥಾನ ಸಿಕ್ಕಿತು!

ಈಗ 2022ಕ್ಕೆ ಬನ್ನಿ. ಫೆಬ್ರವರಿ 15. ಉಕ್ರೇನಿನ ದೊನೆತ್ಸ್ಕ್ ಮತ್ತು ಲುಹಾನ್ಸ್ಕ್ ಭಾಗಗಳನ್ನು ಸ್ವತಂತ್ರ ದೇಶ ಅಂತ ಒಪ್ಪಿಕೊಳ್ಳಿ ಎಂದು ಪುಟಿನ್‌ಗೆ ಕೇಳುವ ನಿರ್ಣಯ ಡೂಮಾದಲ್ಲಿ ಪಾಸಾಗುತ್ತದೆ. 351 ಮತ ಪರ, 16 ವಿರುದ್ಧ. ಈ ನಿರ್ಣಯ ತಂದದ್ದು ಯಾರು? ಕಮ್ಯುನಿಸ್ಟರೇ. ಪುಟಿನ್ ಪಕ್ಷದವರು ಮೊದಲು ವಿದೇಶಾಂಗ ಇಲಾಖೆಯನ್ನು ಒಂದು ಮಾತು ಕೇಳೋಣ ಅನ್ನುವಂಥ ಬೇರೆ ಕರಡು ತಂದಿದ್ದರು. ಗೆದ್ದದ್ದು ಕಮ್ಯುನಿಸ್ಟರ ಕರಡು. ಮೇಷ್ಟ್ರೂ ಪರವಾಗಿಯೇ ಗುಂಡಿ ಒತ್ತಿದರು. ಫೆಬ್ರವರಿ 23ಕ್ಕೆ ಯುರೋಪಿಯನ್ ಒಕ್ಕೂಟ ಆ 351 ಜನರ ಮೇಲೂ ನಿರ್ಬಂಧ ಹೇರಿತು. 24ರ ಬೆಳಗಿನ ಜಾವ ಯುದ್ಧ ಶುರುವಾಯಿತು.

26ನೇ ತಾರೀಕು ಮೇಷ್ಟ್ರು ಟೆಲಿಗ್ರಾಮಿನಲ್ಲಿ ನಾಲ್ಕು ಸಾಲು ಬರೆದರು. ಯುದ್ಧ ತಕ್ಷಣ ನಿಲ್ಲಬೇಕು. ನಾನು ಮತ ಹಾಕಿದ್ದು ಶಾಂತಿಗೆ, ಯುದ್ಧಕ್ಕಲ್ಲ. ರಷ್ಯಾ ಗುರಾಣಿಯಾಗಲಿ, ದೊನ್ಬಾಸ್ (ದೊನೆತ್ಸ್ಕ್, ಲುಹಾನ್ಸ್ಕ್ ಸೇರಿದ ಪ್ರದೇಶ) ಮೇಲೆ ಬಾಂಬ್ ಬೀಳದಿರಲಿ ಅಂತ ಮತ ಹಾಕಿದೆ, ಕೀವ್ ಮೇಲೆ ಬಾಂಬ್ ಬೀಳಲಿ ಅಂತ ಅಲ್ಲ. ಇದು ಆ ಬರಹದ ಸಾರ.

ಇದನ್ನು ಓದಿದಾಗ ನನಗೆ ಎರಡು ಅನ್ನಿಸುತ್ತದೆ. ಒಂದು, ಈ ಮನುಷ್ಯನಿಗೆ ಧೈರ್ಯ ಇತ್ತು. 450 ಜನರ ಸಭೆಯಲ್ಲಿ ಹೀಗೆ ಬಾಯಿ ಬಿಟ್ಟವರನ್ನು ಬೆರಳಲ್ಲಿ ಎಣಿಸಬಹುದು. ಓಮ್ಸ್ಕ್‌ನ ಒಲೆಗ್ ಸ್ಮೋಲಿನ್ ಮಾತಾಡಿದರು. ಅವರಿಗೆ ಕಣ್ಣು ಕಾಣುವುದಿಲ್ಲ, ಅವರು ಓದಿದ್ದೂ ಇತಿಹಾಸವನ್ನೇ. ಬುರ್ಯಾತಿಯಾದ ಮರ್ಖಾಯೆವ್ ಮಾತಾಡಿದರು. ಮೂವರೂ ಕಮ್ಯುನಿಸ್ಟರು. ಜ್ಯುಗಾನೋವ್ ಮತ್ತು ಪಕ್ಷ ಮಾತ್ರ ಯುದ್ಧದ ಪರ ನಿಂತರು.

ಇನ್ನೊಂದು, ಮೇಷ್ಟ್ರ ಆಶ್ಚರ್ಯವನ್ನು ನನಗೆ ನಂಬಲು ಆಗುವುದಿಲ್ಲ. ಸರ್, ನೀವು ಇತಿಹಾಸ ಪಾಠ ಮಾಡಿದವರು. ಗಡಿಯಲ್ಲಿ ತಿಂಗಳುಗಟ್ಟಲೆ ಲಕ್ಷಕ್ಕೂ ಜಾಸ್ತಿ ಸೈನಿಕರು ಬಂದು ಕೂತಿದ್ದರು. ಪಕ್ಕದ ದೇಶದ ಒಂದು ತುಂಡನ್ನು ಮೊದಲು 'ಸ್ವತಂತ್ರ' ಅಂತ ಒಪ್ಪುವುದು, ಆಮೇಲೆ ಅದು ಸಹಾಯ ಕೇಳಿತು ಅಂತ ಸೈನ್ಯ ನುಗ್ಗಿಸುವುದು. ಈ ಪಾಠ ನಿಮ್ಮ ಸಿಲೆಬಸ್‌ನಲ್ಲಿ ಇರಲಿಲ್ವಾ? ಸಾಮಾನ್ಯ ಜನ ಇದನ್ನು ಗಮನಿಸದಿದ್ದರೆ ಬಿಡಬಹುದು. ಉತ್ತರಪತ್ರಿಕೆ ತಿದ್ದುವವರೇ ಪ್ರಶ್ನೆ ಅರ್ಥವಾಗಲಿಲ್ಲ ಅಂದರೆ ಹೇಗೆ?

ಮಾರ್ಚ್ 1ಕ್ಕೆ ನಮ್ಮ ಹಾವೇರಿ ಕಡೆಯ ಮೆಡಿಕಲ್ ವಿದ್ಯಾರ್ಥಿಯೊಬ್ಬ ಉಕ್ರೇನಿನ ಖಾರ್ಕಿವ್‌ನಲ್ಲಿ ದಾಳಿಗೆ ಸಿಕ್ಕಿ ಸತ್ತ. ತಿನ್ನಲು ಏನಾದರೂ ತರುತ್ತೇನೆ ಅಂತ ಹೊರಗೆ ಹೋಗಿದ್ದ. ಆವತ್ತು ಇಲ್ಲಿ ಪ್ರತಿ ಮನೆಯ ಟಿವಿಯಲ್ಲಿ ಆ ಊರಿನ ಹೆಸರು. ಮಾಸ್ಕೋದ ಸಭೆಯಲ್ಲಿ ಯಾರೋ ಒತ್ತಿದ ಗುಂಡಿ ನಮಗೆ ಸಂಬಂಧ ಇಲ್ಲದ್ದು ಅಂತ ಅಂದಿನಿಂದ ನನಗೆ ಅನ್ನಿಸಿಲ್ಲ.

ಮಾರ್ಚ್ 4ಕ್ಕೆ, ಅಂದರೆ ಮೇಷ್ಟ್ರು ಬರೆದು 6 ದಿನಕ್ಕೆ, ಹೊಸ ಕಾನೂನು ಬಂತು. ಸೇನೆ ಬಗ್ಗೆ 'ಸುಳ್ಳು ಸುದ್ದಿ' ಹಬ್ಬಿಸಿದರೆ 15 ವರ್ಷದವರೆಗೆ ಜೈಲು. ಅಲ್ಲಿಗೆ ಹಗ್ಗ ಇನ್ನೂ ಗಿಡ್ಡ ಆಯಿತು.

ಆಮೇಲೆ ಮೇಷ್ಟ್ರು ಡೂಮಾದಲ್ಲೇ ಉಳಿದರು. ಬಾಯಿಯನ್ನೂ ಮುಚ್ಚಲಿಲ್ಲ. ಆದರೆ ಕೋಪದ ದಿಕ್ಕು ಬದಲಾಯಿತು. ಈಗ ಅವರ ಹೆಸರು ಜಾಸ್ತಿ ಕೇಳಿಬರುವುದು ವಲಸೆ ಕಾರ್ಮಿಕರ ವಿಷಯದಲ್ಲಿ. ಮಧ್ಯ ಏಷ್ಯಾದಿಂದ ಬರುವವರಿಗೆ ವೀಸಾ ಬೇಕು, ಅವರು ಹೆಂಡತಿ ಮಕ್ಕಳನ್ನು ಕರೆತರಬಾರದು, ಇಂಥವು. ತಾಜಿಕ್, ಉಜ್ಬೆಕ್, ಕಿರ್ಗಿಜ್ ಹುಡುಗರು ಮಾಸ್ಕೋದ ಕಟ್ಟಡ ಕಟ್ಟುತ್ತಾರೆ, ಹಿಮ ಗುಡಿಸುತ್ತಾರೆ, ಟ್ಯಾಕ್ಸಿ ಓಡಿಸುತ್ತಾರೆ. ಇವರ ಅಪ್ಪಂದಿರು 1991ರವರೆಗೆ ಇದೇ ಮೇಷ್ಟ್ರ ಜೊತೆ ಸೋವಿಯತ್ ಒಕ್ಕೂಟ ಅನ್ನುವ ಒಂದೇ ದೇಶದ ಪಾಸ್‌ಪೋರ್ಟ್ ಇಟ್ಟುಕೊಂಡಿದ್ದವರು. ಪಕ್ಷದ ಪತ್ರಿಕೆ 'ಪ್ರಾವ್ದಾ' ತೆಗೆದು ನೋಡಿ, ಲೋಕದ ಕಾರ್ಮಿಕರೇ ಒಂದಾಗಿ ಅನ್ನುವ ಸಾಲು ಹೆಸರಿನ ಮೇಲೆ ಇವತ್ತಿಗೂ ಇದೆ.

ಜನರಲ್ಲಿ ಭಯ ಇಲ್ಲ ಅಂತ ನಾನು ಹೇಳುತ್ತಿಲ್ಲ. 2024ರ ಮಾರ್ಚ್ 22ರಂದು ಮಾಸ್ಕೋ ಪಕ್ಕದ ಕ್ರೋಕಸ್ ಸಭಾಂಗಣದಲ್ಲಿ ನುಗ್ಗಿ ಕೊಂದರಲ್ಲ, 140ಕ್ಕೂ ಜಾಸ್ತಿ ಜನ ಸತ್ತರು, ಬಂದೂಕು ಹಿಡಿದವರೆಂದು ಬಂಧಿಸಿದ್ದು ತಾಜಿಕಿಸ್ತಾನದವರನ್ನು. ಆ ಸಿಟ್ಟು ನಿಜ. ಆದರೆ ಆ ಸಿಟ್ಟಿನ ದಾರಿಯಲ್ಲಿ ಸರ್ಕಾರವೇ ಮುಂದೆ ನಡೆಯುತ್ತಿದೆ. ರಷ್ಯನ್ ಬಾರದ ವಲಸೆ ಮಕ್ಕಳನ್ನು ಶಾಲೆಗೆ ಸೇರಿಸಬಾರದು ಅಂತ 2024ರ ಡಿಸೆಂಬರ್‌ನಲ್ಲಿ ಕಾನೂನೇ ಆಯಿತು. ಅಂದರೆ ಇಲ್ಲಿ ಕೂಗುವುದಕ್ಕೆ ಧೈರ್ಯ ಬೇಡ, ಅಲ್ವಾ? ಗೂಟದ ಸುತ್ತ ಹಸಿರು ಹುಲ್ಲು ಇರುವ ಜಾಗ ಇದು.

ನಾಲ್ಕು ಸಾಲಿನ ಆ ಟೆಲಿಗ್ರಾಮ್ ಬರಹಕ್ಕೆ ನನ್ನ ಗೌರವ ಇದೆ, ಅದನ್ನು ವಾಪಸ್ ತೆಗೆದುಕೊಳ್ಳುವುದಿಲ್ಲ. ಆದರೆ ಅದೇ ಊರಿನ ಅಬ್ದಾಲ್ಕಿನ್ ಬಾಯಿ ಬಿಡದೆ ನೂಡಲ್ಸ್ ಹಾಕಿಕೊಂಡು ಕೂತದ್ದಕ್ಕೆ 1,50,000 ರೂಬಲ್ ಕಟ್ಟಬೇಕಾಯಿತು. ಹಿಮ ಗುಡಿಸುವ ತಾಜಿಕ್ ಹುಡುಗನ ವಿರುದ್ಧ ಮೇಷ್ಟ್ರು ದಿನವಿಡೀ ಮಾತಾಡಬಹುದು. ದಂಡ ಕಟ್ಟಿ ಅಂತ ಯಾರೂ ಕೇಳುವುದಿಲ್ಲ.