ವೇಷ ಕಳಚಿದ್ಮೇಲೆ ಒಳಗೆ ಯಾರೂ ಇಲ್ವಾ?

ನಮಸ್ಕಾರ ಎಲ್ರಿಗೂ. ಇವತ್ತು ಡೆನಿ ಲಾವಾಂ ಬಗ್ಗೆ ಮಾತಾಡ್ಬೇಕು. ಫ್ರಾನ್ಸ್‌ನ ಆ್ಯಕ್ಟರು, ಆಳು ಕುಳ್ಳ, ಮುಖ ಒರಟು, ಸರ್ಕಸ್‌ನವ್ರ ಥರ ಮೈ ಬಗ್ಗುತ್ತೆ, ಹೀರೋ ಅಂದ್ರೆ ನಮ್ಮ ಕಣ್ಮುಂದೆ ಬರೋ ಯಾವ ಲಕ್ಷಣನೂ ಆತನಲ್ಲಿಲ್ಲ.

ಆತ ನಟಿಸಿದ 2012ರ ಹೋಲಿ ಮೋಟರ್ಸ್ ಸಿನಿಮಾ ನೋಡಿ ತುಂಬಾ ಜನ ಹೇಳೋದು ಕೇಳಿದೀನಿ, ಮನುಷ್ಯ ಅಂದ್ರೆ ಬರೀ ಮುಖವಾಡ, ಒಳಗೆ ಯಾರೂ ಇಲ್ಲ ಅನ್ನೋದೇ ಆ ಸಿನಿಮಾ ಅಂತ. ನಾನಂತೂ ಒಪ್ಪಲ್ಲ.

ಕಥೆ ಇಷ್ಟೇ. ಆಸ್ಕರ್ ಅಂತ ಒಬ್ಬ, ಅದೇ ಲಾವಾಂ ಪಾತ್ರ, ಪ್ಯಾರಿಸ್ ತುಂಬಾ ಬಿಳಿ ಲಿಮೋಸಿನ್‌ನಲ್ಲಿ ಸುತ್ತುತಾನೆ, ಆ ದಿನಕ್ಕೆ 9 ಅಪಾಯಿಂಟ್‌ಮೆಂಟ್, ಒಂದೊಂದಕ್ಕೂ ಬೇರೆ ವೇಷ, ಬೆನ್ನು ಬಾಗಿದ ಭಿಕ್ಷುಕಿ ಆಗ್ತಾನೆ, ಸ್ಮಶಾನದಲ್ಲಿ ಹೂವು ಕಿತ್ತು ತಿನ್ನೋ ಹುಚ್ಚ ಆಗ್ತಾನೆ, ಮಗಳನ್ನ ಪಾರ್ಟಿಯಿಂದ ಕರ್ಕೊಂಡು ಬರೋ ಅಪ್ಪನೂ ಆಗ್ತಾನೆ. ನೋಡೋಕೆ ಪ್ರೇಕ್ಷಕರು ಯಾರೂ ಕಾಣಲ್ಲ. ನಮ್ಮ ಹಗಲುವೇಷದವ್ರಿಗೆ ಮನೆಬಾಗಿಲಲ್ಲಿ ನಿಂತು ನೋಡೋರಾದ್ರೂ ಇರ್ತಿದ್ರು, ಇವನಿಗೆ ಅದೂ ಇಲ್ಲ.

ಒಂದು ಸೀನ್ ಇದೆ. ಮುದುಕನಾಗಿ ಹಾಸಿಗೆ ಮೇಲೆ ಸಾಯ್ತಿದಾನೆ, ಪಕ್ಕದಲ್ಲಿ ಅಣ್ಣನ್ದೋ ತಂಗೀದೋ ಮಗಳು ಬಿಕ್ಕಿಬಿಕ್ಕಿ ಅಳ್ತಿದಾಳೆ, ನಮಗೂ ಗಂಟಲು ಕಟ್ಟುತ್ತೆ, ಆಮೇಲೆ ಸತ್ತವನು ಮೆಲ್ಲಗೆ ಎದ್ದು, ಕ್ಷಮಿಸಿ, ನಂಗೆ ಇನ್ನೊಂದು ಅಪಾಯಿಂಟ್‌ಮೆಂಟ್ ಇದೆ ಅಂತಾನೆ. ಅವಳಿಗೂ ಇದೆಯಂತೆ! ಆಗ ಹೆಸರು ಕೇಳ್ತಾನೆ. ಎಲೀಸ್ ಅಂತಾಳೆ. ಅಷ್ಟು ಹೊತ್ತು ಅತ್ತಿದ್ದು ಸುಳ್ಳಾ ಹಾಗಾದ್ರೆ? ನಂಗೆ ಹಾಗನ್ಸಲ್ಲ. ಇಬ್ರೂ ಸುಸ್ತಾಗಿದಾರೆ, ಆ ಸುಸ್ತು ನಟನೆ ಅಲ್ಲ. ಕಾರಿಗೆ ವಾಪಸ್ ಬಂದು ಬಲ್ಬಿನ ಕನ್ನಡಿ ಮುಂದೆ ಕೂತು ಮೇಕಪ್ ಕೀಳ್ತಾನಲ್ಲ, ಪ್ರತಿ ಸಲನೂ ಮೈ ಇನ್ನಷ್ಟು ಭಾರ ಆಗಿರುತ್ತೆ. ವೇಷ ಹೋಗುತ್ತೆ, ದಣಿವು ಹೋಗಲ್ಲ. ನನ್ ಪ್ರಕಾರ ಆಸ್ಕರ್ ಅನ್ನೋನು ಇರೋದು ಅಲ್ಲೇ.

ಇನ್ನೊಂದು ವಿಷ್ಯ. ಹೋಲಿ ಮೋಟರ್ಸ್ ನಿರ್ದೇಶಕ ಲಿಯೋಸ್ ಕರಾಕ್ಸ್ ಹುಟ್ಟಿದಾಗಿನ ಹೆಸರು ಅಲೆಕ್ಸ್. 1984ರಿಂದ 1991ರ ತನಕ ಮಾಡಿದ ಮೂರೂ ಸಿನಿಮಾದಲ್ಲಿ ಲಾವಾಂ ಪಾತ್ರದ ಹೆಸರು ಅಲೆಕ್ಸೇ. ಈ ಸಿನಿಮಾದಲ್ಲಿ ಆಸ್ಕರ್. ಅಲೆಕ್ಸ್, ಆಸ್ಕರ್ ಎರಡರ ಇಂಗ್ಲಿಷ್ ಅಕ್ಷರಗಳನ್ನ ಕಲಸಿ ಜೋಡಿಸಿದ್ರೆ ಲಿಯೋಸ್ ಕರಾಕ್ಸ್ ಅಂತ ಬರುತ್ತೆ! ಅಂದ್ರೆ ಒಬ್ಬ ತನ್ನ ಹೆಸರನ್ನೇ ಇನ್ನೊಬ್ಬನ ಮೈಮೇಲೆ ಹೊದಿಸ್ತಾ ಬಂದಿದಾನೆ, ಲಾವಾಂ ಅದನ್ನ ವರ್ಷಗಟ್ಟಲೆ ಹೊತ್ತಿದಾನೆ. ಇಷ್ಟು ನಂಬಿಕೆ ಇಟ್ಟು ಮೈ ಕೊಡೋ ನಟ ಎಷ್ಟು ಜನ ಸಿಗ್ತಾರೆ ಹೇಳಿ.

ಮುಖವಾಡದ ವಾದ ಮಾಡೋರಿಗೆ ನಾನು 1999ರ ಬೋ ತ್ರವಾಯ್ ಸಿನಿಮಾ ನೋಡಿ ಅಂತೀನಿ, ಕ್ಲೇರ್ ಡೆನಿ ಅನ್ನೋ ನಿರ್ದೇಶಕಿ ಮಾಡಿದ್ದು. ಅದ್ರಲ್ಲಿ ಲಾವಾಂ ಸೈನ್ಯದಿಂದ ಹೊರಬಿದ್ದ ಅಧಿಕಾರಿ. ಕೊನೇಲಿ ಹಾಸಿಗೆ ಚೊಕ್ಕವಾಗಿ ಸರಿಮಾಡಿ, ಪಿಸ್ತೂಲು ಹಿಡ್ಕೊಂಡು ಮಲಗ್ತಾನೆ, ಮಾತಿಲ್ಲ, ಮುಖದಲ್ಲಿ ಏನೂ ಇಲ್ಲ, ಕ್ಯಾಮೆರಾ ತೋಳಿನ ಹತ್ರ ಹೋಗುತ್ತೆ, ಅಲ್ಲೊಂದು ನರ ಟಕ್ ಟಕ್ ಅಂತ ಹೊಡ್ಕೋತಿರುತ್ತೆ.