ಎತ್ತಂಗಡಿಗೆ ಕಾರಣ ಬರೆಯಿರಿ

ನಮಸ್ಕಾರ. ಇವತ್ತು ಒಂದು ವರ್ಗಾವಣೆಯ ಬಗ್ಗೆ ಮಾತಾಡಬೇಕು.

2017ರ ಜುಲೈ. ಬೆಂಗಳೂರಿನ ಪರಪ್ಪನ ಅಗ್ರಹಾರ ಜೈಲು. ಕಾರಾಗೃಹ ಇಲಾಖೆಯ ಡಿಐಜಿ ಆಗಿ ಡಿ. ರೂಪಾ ಬಂದು ಒಂದು ತಿಂಗಳೂ ಆಗಿರಲಿಲ್ಲ. ಜೈಲಿನೊಳಗೆ ಹೋದರು, ಕಂಡದ್ದನ್ನು, ಕೇಳಿದ್ದನ್ನು ವರದಿಯಲ್ಲಿ ಬರೆದರು. ಅಕ್ರಮ ಆಸ್ತಿ ಪ್ರಕರಣದಲ್ಲಿ ಶಿಕ್ಷೆಯಾಗಿದ್ದ ತಮಿಳುನಾಡಿನ ಶಶಿಕಲಾ ಅವರಿಗೆ ಬೇರೆ ಅಡುಗೆಮನೆಯೇ ಇದೆ, ಇದಕ್ಕೆ 2 ಕೋಟಿ ರೂಪಾಯಿ ಲಂಚದ ಮಾತು ಕೇಳಿಬರುತ್ತಿದೆ ಅಂತ. ಕೆಲವೇ ದಿನ. ಅವರನ್ನು ಸಂಚಾರ ಮತ್ತು ರಸ್ತೆ ಸುರಕ್ಷತೆ ವಿಭಾಗಕ್ಕೆ ಕಳಿಸಿದರು. ಯಾಕೆ ಅಂದರೆ, ಇದು ಆಡಳಿತ ಪ್ರಕ್ರಿಯೆ ಅಂದಿತು ಸರ್ಕಾರ.

ಆಮೇಲೆ ಸರ್ಕಾರವೇ ನೇಮಿಸಿದ ವಿನಯ್ ಕುಮಾರ್ ಸಮಿತಿ, ವಿಶೇಷ ಸವಲತ್ತು ಸಿಕ್ಕಿದ್ದು ನಿಜ ಅಂತಲೇ ಹೇಳಿತು. ಅಷ್ಟೊತ್ತಿಗೆ ಬರೆದವರು ಆ ಕುರ್ಚಿಯಲ್ಲಿ ಇರಲಿಲ್ಲ.

ನನಗೆ ಹೊಟ್ಟೆ ಉರಿಯುವುದು ಇಲ್ಲೇ. ಐಪಿಎಸ್ ಅಧಿಕಾರಿಯ ಸುದ್ದಿ ಟಿವಿಗಾದರೂ ಬರುತ್ತದೆ. ನಿಮ್ಮ ಏರಿಯಾದ ಇನ್ಸ್‌ಪೆಕ್ಟರ್ ಕಥೆ ಏನು? ಶಾಸಕರ ‘ಮಿನಿಟ್’, ಅಂದರೆ ಶಿಫಾರಸು ಪತ್ರ, ಇದ್ದರೆ ಒಳ್ಳೆ ಠಾಣೆ ಅನ್ನುವ ಮಾತು ಇಲಾಖೆಗೆ ಹೊಸದೇನಲ್ಲ. ಆ ಪತ್ರ ಹಿಡಿದು ಬಂದವರು, ಅದೇ ಶಾಸಕರ ಬೆಂಬಲಿಗ ಯಾರದೋ ಸೈಟಿಗೆ ಬೇಲಿ ಹಾಕಿದಾಗ ಎಫ್‌ಐಆರ್ ಮಾಡಬೇಕು. ಮಾಡಿದರೆ ಮಕ್ಕಳ ಸ್ಕೂಲು, ಬಾಡಿಗೆ ಮನೆ ಎಲ್ಲ ಬಿಟ್ಟು ಗಂಟುಮೂಟೆ ಕಟ್ಟಬೇಕು. ನೀವಾಗಿದ್ದರೆ ಏನು ಮಾಡುತ್ತಿದ್ದಿರಿ?

ಇಲಾಖೆಯೊಳಗೆ ಧೈರ್ಯ ಇಲ್ಲ ಅಂತಲ್ಲ. 2022ರಲ್ಲಿ 545 ಪಿಎಸ್‌ಐ ಹುದ್ದೆಗಳ ಪರೀಕ್ಷೆ ಅಕ್ರಮದ ತನಿಖೆ ನಡೆದಾಗ, ನೇಮಕಾತಿ ವಿಭಾಗ ನೋಡಿಕೊಂಡಿದ್ದ ಎಡಿಜಿಪಿಯನ್ನೇ ಸಿಐಡಿ ಬಂಧಿಸಿತು. ತಮಗಿಂತ ಎಷ್ಟೋ ಮೇಲಿನವರನ್ನು ಪೊಲೀಸರೇ ಹಿಡಿದರು. ಸುಮ್ನೆ ಆಗುವ ಕೆಲಸವಲ್ಲ ಅದು.

ಮದ್ದೂ ಗೊತ್ತಿದೆ. ನಿವೃತ್ತ ಡಿಜಿಪಿ ಪ್ರಕಾಶ್ ಸಿಂಗ್ 1996ರಲ್ಲಿ ಸುಪ್ರೀಂ ಕೋರ್ಟಿಗೆ ಹೋದರು, 2006ರಲ್ಲಿ ತೀರ್ಪು ಬಂತು. ಠಾಣಾಧಿಕಾರಿಗೂ ಎಸ್‌ಪಿಗೂ ಒಂದು ಜಾಗದಲ್ಲಿ ಕನಿಷ್ಠ 2 ವರ್ಷ ಕೊಡಿ ಅಂತ.

ಅದಕ್ಕೇ ನಾನು ಕೇಳುತ್ತಿರುವುದು ಇಷ್ಟು. ಅವಧಿಗೆ ಮೊದಲೇ ಎತ್ತಂಗಡಿ ಮಾಡಿದರೆ ಆದೇಶದಲ್ಲಿ ಕಾರಣ ಬರೆಯಿರಿ. ಯಾರ ಶಿಫಾರಸು, ಆಗ ಅವರ ಕೈಯಲ್ಲಿ ಯಾವ ಕೇಸ್ ಇತ್ತು, ಎಲ್ಲವನ್ನೂ ಜನರ ಮುಂದೆ ಇಡಿ. ನೀವೂ ಅಷ್ಟೇ, ನಿಮ್ಮ ಠಾಣೆಯ ಇನ್ಸ್‌ಪೆಕ್ಟರ್ ದಿಢೀರ್ ಬದಲಾದರೆ ಒಂದು ಆರ್‌ಟಿಐ ಅರ್ಜಿ ಹಾಕಿ. ಶುಲ್ಕ 10 ರೂಪಾಯಿ. ಬಂದ ಉತ್ತರವನ್ನು ನನಗೆ ಕಳಿಸಿ, ಇಲ್ಲೇ ಓದುತ್ತೇನೆ.