ಕಾಸರಗೋಡಿನ ಪೊಸಡಿಗುಂಪೆ ಗುಡ್ಡದ ಇಳಿಜಾರು ಕ್ಯಾಮೆರಾಕ್ಕೆ ಯಾಕೆ ಕಾಣುವುದಿಲ್ಲ?

ಮೊದಲು ಈ ಶಾಟ್ ನೋಡಿ. ಹುಲ್ಲು, ಕೆಂಪು ದಾರಿ, ಸೈಕಲ್ಲಿನ ಹ್ಯಾಂಡಲ್. ಆರಾಮ ಇದ್ದ ಹಾಗೆ ಕಾಣುತ್ತದೆ, ಅಲ್ವಾ? ಇದೇ ಜಾಗದಲ್ಲಿ ನಡೆದು ಇಳಿಯುವಾಗ ನಾನು ಎರಡು ಸಲ ಕೂತುಕೊಂಡೇ ಜಾರಿದ್ದೇನೆ.

ಇದು ಹೋದ ವಾರದ್ದು. ಚಿಕ್ಕಮ್ಮನ ಮಗಳು ನೋಡಿ, "ಎಂತ ಅಕ್ಕ ಇದು, ಅಡಿಕೆ ಒಣಗಿಸುವ ಅಂಗಳದ ಹಾಗೆ ಉಂಟಲ್ಲ!" ಅಂದಳು. ಅಲ್ಲಿ ಸೈಕಲ್ಲಿನಲ್ಲಿ ಇಳಿದವಳು ಅವಳೇ. ಸಿಟ್ಟು ಬಾರದೆ ಇರುತ್ತದಾ?

ತಪ್ಪು ನನ್ನದು. ಹೆಲ್ಮೆಟ್ಟಿಗೆ ಕಟ್ಟಿದ ಕ್ಯಾಮೆರಾ ತಲೆಯ ಜೊತೆಗೇ ಬಗ್ಗುತ್ತದೆ. ವೈಡ್ ಲೆನ್ಸ್ ಬೇರೆ. ಗುಡ್ಡ ಸಪಾಟಾಗಿ ಹೋಗುತ್ತದೆ.

ಹಾಗಾಗಿ ಇವತ್ತು ಬೆಳಿಗ್ಗೆ 6.30ಕ್ಕೇ ಧರ್ಮತ್ತಡ್ಕ ದಾಟಿ ಬಂದೆವು. ಒಟ್ಟು ಮೂವರು ಸವಾರರು. ಪೆರ್ಲದ ಟೀಚರ್, ಬದಿಯಡ್ಕದಲ್ಲಿ ಹೊಲಿಗೆ ಅಂಗಡಿ ಇಟ್ಟವರು, ಮತ್ತೆ ನನ್ನ ತಂಗಿ. ಅವಳು ಮನೆಯಲ್ಲಿ ವಾಕಿಂಗ್ ಅಂತ ಹೇಳಿ ಬಂದಿದ್ದಾಳೆ. ವಿಡಿಯೊ ಹಾಕಿದ ಮೇಲೆ ಆ ಸುಳ್ಳು ನಡೆಯುವುದಿಲ್ಲ. ಹಾಕು ಅಂದದ್ದೂ ಅವಳೇ.

ಈಗ ಬದಿಯಿಂದ ಹಿಡಿದದ್ದು. ಈ ಗೇರು ಮರವನ್ನು ಬೇಕಂತಲೇ ಫ್ರೇಮಿನಲ್ಲಿ ಇಟ್ಟಿದ್ದೇನೆ. ಮರ ನೆಟ್ಟಗೆ, ಸೈಕಲ್ ವಾರೆ. ಟೀಚರ್ ಸೀಟಿನ ಹಿಂದಕ್ಕೆ ಸರಿದಿದ್ದಾರೆ, ಎರಡು ಪೆಡಲ್ ಸಮಕ್ಕೆ, ಬ್ರೇಕಿನ ಮೇಲೆ ಒಂದೊಂದೇ ಬೆರಳು. ಆ ಬೆರಳು ನೋಡಿ. ಒತ್ತುತ್ತದೆ, ಬಿಡುತ್ತದೆ, ಒತ್ತುತ್ತದೆ. ಮುರಕಲ್ಲಿನ ಪುಡಿಗಲ್ಲು ಟಯರಿನ ಅಡಿಯಲ್ಲಿ ಗೋಲಿಯ ಹಾಗೆ ಉರುಳುತ್ತದೆ. ಗಟ್ಟಿ ಒತ್ತಿದರೆ ಚಕ್ರ ನಿಲ್ಲುತ್ತದೆ, ಸೈಕಲ್ ನಿಲ್ಲುವುದಿಲ್ಲ!

1976ರಲ್ಲಿ ಕ್ಯಾಲಿಫೋರ್ನಿಯಾದಲ್ಲಿ ಕೆಲವರು ಹಳೇ ಸೈಕಲ್ ಹಿಡಿದು ಇಂಥದ್ದೇ ಮಣ್ಣುದಾರಿಯಲ್ಲಿ ರೇಸ್ ಶುರು ಮಾಡಿದರು. ಸುಮಾರು 3 ಕಿಲೋಮೀಟರಿನಲ್ಲಿ 400 ಮೀಟರ್ ಇಳಿತ. ಕೆಳಗೆ ಮುಟ್ಟುವಷ್ಟರಲ್ಲಿ ಹಿಂದಿನ ಚಕ್ರದ ಬ್ರೇಕಿನ ಗ್ರೀಸ್ ಹೊಗೆಯಾಗಿ, ಮತ್ತೆ ತುಂಬಬೇಕಿತ್ತು. ಹಾಗಾಗಿ ರೇಸಿನ ಹೆಸರೇ ರೀಪ್ಯಾಕ್, ಅಂದರೆ ಮತ್ತೆ ತುಂಬುವುದು, ಅಂತ ಆಯಿತು. ಆ ಕಾಲದ ಫೋಟೊಗಳನ್ನು ಹೆಚ್ಚಾಗಿ ತೆಗೆದದ್ದು ವೆಂಡಿ ಕ್ರ್ಯಾಗ್ ಅನ್ನುವ ಹೆಂಗಸು. ಸುಮ್ನೆ ಬದಿಯಲ್ಲಿ ನಿಂತವರಲ್ಲ, ಆ ದಾರಿಯಲ್ಲಿ ಅವರೂ ಸೈಕಲ್ ಬಿಟ್ಟವರು. ಇಂಥ ಗುಡ್ಡದ ದಾರಿಯ ಸೈಕಲ್ಲಿಗೇ ಮೌಂಟನ್ ಬೈಕ್ ಅನ್ನುವುದು. 1996ರಲ್ಲಿ ಅದು ಒಲಿಂಪಿಕ್ಸಿಗೆ ಬಂತು. ಗಂಡಸರಿಗೂ ಹೆಂಗಸರಿಗೂ ಒಟ್ಟಿಗೇ.

ಈ ಕಥೆಯನ್ನು ಇವರಿಗೆ ಹೇಳಬಾರದಿತ್ತು. ತಂಗಿ ಕೂಡಲೇ ಸೀಟು ಇಳಿಸಿ, ಸೈಕಲ್ ನನ್ನ ಕೈಗೆ ಕೊಟ್ಟಳು. "ಹಾಗಾದ್ರೆ ನೀನೂ ಇಳಿ. ಕ್ಯಾಮೆರಾ ಇಲ್ಲಿ ಕೊಡು."

ಇಳಿದೆ. ಗೇರು ಮರದವರೆಗೆ ಸರಿ ಇತ್ತು. ಆಮೇಲೆ ಚಕ್ರ ನೋಡಿದೆ, ದಾರಿ ನೋಡಲಿಲ್ಲ.

ಬಿದ್ದದ್ದು ನಿಮಗೆ ತೋರಿಸುತ್ತಿದ್ದೆ. ಆದರೆ ಅವಳು ರೆಕಾರ್ಡ್ ಬಟನ್ ಒತ್ತಲೇ ಇಲ್ಲವಂತೆ. ಮೊಣಕೈ ಉಂಟು, ಬೇಕಾದರೆ ನೋಡಿ.